ರಸ್ತೆ ರೇಸ್: ಶುಟೊಕೊ ಮ್ಯಾಪ್ ಬೇಕಾ, ಸ್ಪೀಡ್ ಡ್ರೀಮ್ಸ್ ಸಾಕಾ?

ಅಭಿಮಾನಿಗಳೇ ಕಟ್ಟಿದ ಕಾರ್ ರೇಸ್ ಬೇಕು, ಕಳ್ಳ ಕಾಪಿ ಬೇಡ. ಕುಂಬಳೆ, ಉಪ್ಪಳದಲ್ಲಿ ಕೂತು ಆಡುವವರ ಮುಂದೆ ಎರಡು ದಾರಿ ಇವೆ.

ನನ್ನ ಓಟು ಶುಟೊಕೊ ರಿವೈವಲ್ ಪ್ರಾಜೆಕ್ಟ್‌ಗೆ. ಟೋಕಿಯೊದ ಶುಟೊ ಎಕ್ಸ್‌ಪ್ರೆಸ್‌ವೇಯನ್ನು ಅಭಿಮಾನಿಗಳು ಮರುಸೃಷ್ಟಿಸಿದ ಮ್ಯಾಪ್, ಅಂದರೆ ಗೇಮ್‌ಗೆ ಸೇರಿಸಿಕೊಳ್ಳುವ ರಸ್ತೆಜಾಲ ಇದು. ರಾತ್ರಿ ಹೊತ್ತು ಸುರಂಗಕ್ಕೆ ನುಗ್ಗಿದರೆ ದೀಪಗಳ ಸಾಲು ಬಾನೆಟ್ ಮೇಲೆ ಸರಸರ ಹರಿಯುತ್ತದೆ, ಎದುರಿಗೆ ಲಾರಿ ಅಡ್ಡ ಬಂದರೆ ಎದೆ ಧಸಕ್ಕೆನ್ನುತ್ತದೆ. ಮ್ಯಾಪ್‌ಗೆ ದುಡ್ಡು ಕೊಡಬೇಕಿಲ್ಲ. ಆದರೆ ಅದು ಓಡುವುದು 2014ರ ಅಸೆಟ್ಟೊ ಕೊರ್ಸಾ ಗೇಮ್‌ನೊಳಗೆ. ಅದನ್ನು ಸ್ಟೀಮ್ ಎಂಬ ಆನ್‌ಲೈನ್ ಗೇಮ್ ಅಂಗಡಿಯಲ್ಲಿ ಕೊಳ್ಳಲೇಬೇಕು. ಡಿಸ್ಕೌಂಟ್ ಬರುವವರೆಗೆ ಕಾಯಿರಿ. ಲ್ಯಾಪ್‌ಟಾಪ್ ತಡೆಯುತ್ತಾ ಅಂತ ಅನುಮಾನವಿದ್ದರೆ, ಕೊಂಡ 14 ದಿನದೊಳಗೆ, 2 ಗಂಟೆಗಿಂತ ಕಡಿಮೆ ಆಡಿದ್ದರೆ ಹಣ ವಾಪಸ್ ಕೇಳಬಹುದು. ಕೀಬೋರ್ಡ್‌ನಲ್ಲಿ ಮಾತ್ರ ಆಡಬೇಡಿ, ಸುಮ್ನೆ ಬೇಜಾರು. ಗೇಮ್‌ಪ್ಯಾಡ್ ಇರಲಿ.

ಸ್ಪೀಡ್ ಡ್ರೀಮ್ಸ್ ಪೂರ್ತಿ ಉಚಿತ, ಯಾರು ಬೇಕಾದರೂ ಬಳಸಿ ಹಂಚಬಹುದಾದ ಮುಕ್ತ ಲೈಸೆನ್ಸಿನದು. ಟಾರ್ಕ್ಸ್ ಎಂಬ ಹಳೆ ಗೇಮ್‌ನಿಂದ ಕವಲೊಡೆದದ್ದು. ಲಿನಕ್ಸ್‌ನಲ್ಲೂ ಓಡುತ್ತದೆ. ನಮ್ಮ ಕಾಸರಗೋಡಿನ ಮಕ್ಕಳಿಗೆ ಶಾಲೆಯಲ್ಲೇ ಉಬುಂಟು ಎಂಬ ಲಿನಕ್ಸ್ ಪರಿಚಯ, ಅಲ್ವಾ? ಹಳೆ ಕಂಪ್ಯೂಟರಿಗೂ ಭಾರವಲ್ಲ. ಆದರೆ ಇಲ್ಲಿರುವುದು ಜಾಸ್ತಿ ರೇಸ್ ಟ್ರ್ಯಾಕುಗಳೇ. ಊರಿನ ರಸ್ತೆಯ ಮಜಾ ಕಡಿಮೆ.

ನೀಡ್ ಫಾರ್ ಸ್ಪೀಡ್ ವರ್ಲ್ಡ್ ಎಂಬ ಆನ್‌ಲೈನ್ ರೇಸ್ ಗೇಮ್ 2015ರಲ್ಲೇ ಮುಚ್ಚಿತು. ಅಭಿಮಾನಿಗಳ ಸರ್ವರ್‌ಗಳಿವೆ, ಆದರೆ ಹಕ್ಕುಗಳು ಆ ಗೇಮ್‌ನ ಕಂಪನಿಯವೇ. ಕಾನೂನಿನ ಗೊಂದಲ ಬೇಡದವರು ಅತ್ತ ಹೋಗಬೇಡಿ. ಪೆನ್‌ಡ್ರೈವಿನಲ್ಲಿ ‘ಫುಲ್ ವರ್ಷನ್’ ಹಾಕಿಕೊಡುವ ಅಂಗಡಿಗಂತೂ ಬೇಡವೇ ಬೇಡ.