ಮೂವರ ಜಾಝ್ ತಂಡ: ಪಿಯಾನೋ, ಆರ್ಗನ್, ಸ್ಯಾಕ್ಸೋಫೋನ್?

ಮೂವರೇ ಇದ್ದೀರಿ, ಮುಂದಾಳು ವಾದ್ಯ ಯಾವುದಿರಲಿ ಎಂದು ಕೇಳಿದ್ದೀರಿ. ಮೊದಲು ಸಾಗಣೆ ಯೋಚಿಸಿ. ಹ್ಯಾಮಂಡ್ ಬಿ-3 ಆರ್ಗನ್ 180 ಕಿಲೋ ದಾಟುತ್ತದೆ. ಮೆಟ್ಟಿಲು ಹತ್ತಿಸುವವರನ್ನು ಈಗಲೇ ಹುಡುಕಿಡಿ! ಪಿಯಾನೋ ಸಭಾಂಗಣದಲ್ಲೇ ಇದ್ದರೆ ಸರಿ. ಸ್ಯಾಕ್ಸೋಫೋನ್ ಹೆಗಲಿಗೇರಿಸಿ ಹೊರಡಬಹುದು.

ನುಡಿಸುವ ಕಷ್ಟದ ಲೆಕ್ಕ ಬೇರೆ; ಅಲ್ಲಿ ಸ್ಯಾಕ್ಸೋಫೋನೇ ಕಠಿಣ. 1957ರಲ್ಲಿ ಸ್ಯಾಕ್ಸೋಫೋನ್ ವಾದಕ ಸಾನಿ ರಾಲಿನ್ಸ್ ನ್ಯೂಯಾರ್ಕಿನ ಜಾಝ್ ಕ್ಲಬ್ ವಿಲೇಜ್ ವ್ಯಾನ್‌ಗಾರ್ಡ್‌ನಲ್ಲಿ ಬಾಸ್ (ತಗ್ಗು ಸ್ವರದ ತಂತಿವಾದ್ಯ), ಡ್ರಮ್ಸ್ ಮಾತ್ರ ಜೊತೆಗಿಟ್ಟುಕೊಂಡು ನುಡಿಸಿದರು. ಸ್ವರಮೇಳ (ಹಲವು ಸ್ವರ ಒಟ್ಟಿಗೆ ನುಡಿಯುವ ಕಾರ್ಡ್) ಹಿಡಿದುಕೊಡುವ ಪಿಯಾನೋದಂಥ ವಾದ್ಯವೇ ಇಲ್ಲ. ಆದ್ದರಿಂದ ಸ್ವಾತಂತ್ರ್ಯ ಅಪಾರ, ಆದರೆ ಎಡವಿದರೆ ಮುಚ್ಚಿಡಲು ಏನೂ ಇಲ್ಲ. ನುರಿತವರಿಗೇ ಇದು.

ಪಿಯಾನೋ, ಬಾಸ್, ಡ್ರಮ್ಸ್ ಕಲಿಯುವವರಿಗೆ ಹಿತ. ಪಿಯಾನೋ ವಾದಕ ಬಿಲ್ ಎವನ್ಸ್ ತಂಡದಲ್ಲಿ ಬಾಸ್ ವಾದಕ ಸ್ಕಾಟ್ ಲಫಾರೋ ತಾಳ ಕಾಯುತ್ತ ಕೂರದೆ ಪಿಯಾನೋ ಜೊತೆ ಸಂವಾದಕ್ಕಿಳಿದರು. ಮೂವರಿಗೂ ಮಾತಾಡುವ ಆಸೆಯಿದ್ದರೆ ಈ ದಾರಿ.

ಬಾಸ್ ವಾದಕ ಸಿಗದಿದ್ದರೆ ಆರ್ಗನ್, ಗಿಟಾರ್, ಡ್ರಮ್ಸ್. ಆರ್ಗನ್ ವಾದಕ ಜಿಮ್ಮಿ ಸ್ಮಿತ್‌ರಂತೆ ಬಾಸ್ ಭಾಗವನ್ನು ಎಡಗೈ ಮತ್ತು ಕಾಲುಗಳೇ ನುಡಿಸುತ್ತವೆ. ಬ್ಲೂಸ್ ಸೊಗಡಿಗೆ, ಕುಣಿಯುವ ಜನಕ್ಕೆ ಇದು ಚೆನ್ನ.

ಸಣ್ಣ ಹೋಟೆಲಿನಲ್ಲಿ ಸದ್ದು ಹೆಚ್ಚಾದೀತೆಂಬ ಅಳುಕೇ? ಪಿಯಾನೋ ವಾದಕ ನ್ಯಾಟ್ ಕಿಂಗ್ ಕೋಲ್ 1930ರ ದಶಕದಲ್ಲೇ ಪಿಯಾನೋ, ಗಿಟಾರ್, ಬಾಸ್ ಇಟ್ಟುಕೊಂಡು ಡ್ರಮ್ಸ್ ಕೈಬಿಟ್ಟಿದ್ದರು.