ಟಕ್ ಅಂದ ಮಾತ್ರಕ್ಕೆ ರಿಲೇ ಸರಿ ಇದೆ ಅಂತಲ್ಲ: ಹಳೇ ಕಾರಿನವರು ಹುಷಾರು

ಕೀ ತಿರುಗಿಸಿದಾಗ ನಿಮ್ಮ ಹಳೇ ಕಾರು ಒಂದೇ ಸಲ ಟಕ್ ಅಂದು ಸುಮ್ಮನಾಗುತ್ತಿದೆಯಾ? ಹಾಗಿದ್ದರೆ ಬ್ಯಾಟರಿಗೋ ಸೆಲ್ಫ್ ಮೋಟರಿಗೋ (ಎಂಜಿನ್ನನ್ನು ತಿರುಗಿಸಿ ಎಬ್ಬಿಸುವ ಮೋಟರ್) ದುಡ್ಡು ಕೊಡುವ ಮುಂಚೆ ಇದನ್ನು ಓದಿ. ಸೆಲ್ಫಿಗೆ ಕರೆಂಟ್ ಬಿಡುವ ರಿಲೇ ಅನ್ನುವ ಸಣ್ಣ ಸ್ವಿಚ್ ಬದಲಾಯಿಸಿ 300 ರೂಪಾಯಿಯ ಒಳಗೆ ಮುಗಿಯಬೇಕಿದ್ದ ರಿಪೇರಿಗೆ ನಮ್ಮ ಮನೆಯಲ್ಲಿ 9,200 ರೂಪಾಯಿ ಹೋಯಿತು. ಅಷ್ಟು ಕೊಟ್ಟರೂ ಗಾಡಿ ಸರಿಯಾಗಲಿಲ್ಲ. ಅದಾದ ಮೇಲೆ ಇನ್ನೊಂದು ಎಡವಟ್ಟಾಯಿತು. ಅದರಲ್ಲಿ ಗಾಡಿಯೇ ಸುಟ್ಟುಹೋಗಬಹುದಿತ್ತು.

ನಮ್ಮದು 2005ರ ಪೆಟ್ರೋಲ್ ಕಾರು. ಮಾವನವರು ಕೊಂಡಿದ್ದು. 15 ವರ್ಷ ತುಂಬಿದ ಮೇಲೆ ಆರ್‌ಸಿ ನವೀಕರಿಸಿ ಇಟ್ಟುಕೊಂಡಿದ್ದೇವೆ. ಮಾರಿದರೆ ಏನೂ ಬರಲ್ಲ, ಓಡಿಸಿದರೆ ಚೆನ್ನಾಗೇ ಓಡುತ್ತದೆ. ಕೋಲಾರದಿಂದ ಶ್ರೀನಿವಾಸಪುರದ ಕಡೆ ಇರುವ ಶಾಲೆಗೆ ನಾನು ಹೋಗಿಬರುವುದು ಇದರಲ್ಲೇ. ತೊಂದರೆ ಶುರುವಾಗಿದ್ದು ಮಾರ್ಚ್ ಬಿಸಿಲಲ್ಲಿ. ಬೆಳಿಗ್ಗೆ ಒಂದೇ ಸಲಕ್ಕೆ ಸ್ಟಾರ್ಟ್. ಮಧ್ಯಾಹ್ನ ಬಿಸಿಲಲ್ಲಿ ನಿಂತ ಮೇಲೆ, ಅಥವಾ ಅಷ್ಟು ದೂರ ಓಡಿಸಿ ಎಲ್ಲಾದರೂ ನಿಲ್ಲಿಸಿದ ಮೇಲೆ, ಬರೀ ಟಕ್. ಸ್ವಲ್ಪ ಹೊತ್ತು ಬಾನೆಟ್ ತೆಗೆದಿಟ್ಟು ಆಮೇಲೆ ತಿರುಗಿಸಿದರೆ ಏನೂ ಆಗಿಲ್ಲವೇನೋ ಅನ್ನುವ ಹಾಗೆ ಸ್ಟಾರ್ಟ್ ಆಗುತ್ತಿತ್ತು.

ಹೆದ್ದಾರಿ ಪಕ್ಕದ ಒಂದು ಗ್ಯಾರೇಜಿಗೆ ತೋರಿಸಿದೆವು. ಹೆಸರು ಬೇಡ. ಅಲ್ಲಿನವನು ಕೀ ತಿರುಗಿಸಿ, ಟಕ್ ಅಂದದ್ದು ಕೇಳಿಸಿಕೊಂಡು, "ಬ್ಯಾಟರಿ ಹೋಗಿದೆ ಮೇಡಂ" ಅಂದ. ಮೀಟರ್ ಹಿಡಿಯಲೇ ಇಲ್ಲ.

"ಲೈಟ್ ಜೋರಾಗೇ ಉರೀತಿದೆಯಲ್ಲಪ್ಪಾ?" ಅಂದೆ.

"ಲೈಟಿಗೆ ಕಮ್ಮಿ ಕರೆಂಟ್ ಸಾಕು ಮೇಡಂ. ಸೆಲ್ಫಿಗೆ ಜಾಸ್ತಿ ಬೇಕು."

ಅದು ನಿಜ, ಆದರೆ ಅರ್ಧ ನಿಜ. ಎರಡು ಹೆಡ್‌ಲೈಟಿಗೆ ಸುಮಾರು 10 ಆಂಪಿಯರ್ ಸಾಕು, ಸೆಲ್ಫ್ ಮೋಟರ್ ತಿರುಗಲು 100ಕ್ಕೂ ಮೇಲೆ ಬೇಕು. ಅವನು ಹೇಳದೆ ಬಿಟ್ಟ ಅರ್ಧ ಇಲ್ಲಿದೆ. ಬ್ಯಾಟರಿ ಸೋತಿದ್ದರೆ ಕೀ ತಿರುಗಿಸಿದ ಕೂಡಲೇ ಹೆಡ್‌ಲೈಟ್ ಮಂಕಾಗಬೇಕು. ನಮ್ಮ ಗಾಡಿಯಲ್ಲಿ ಲೈಟ್ ಅಲುಗಾಡದೆ ಹಾಗೇ ಉರಿಯುತ್ತಿತ್ತು. ಅಂದರೆ ಬ್ಯಾಟರಿಯಿಂದ ದೊಡ್ಡ ಕರೆಂಟ್ ಹೊರಟೇ ಇಲ್ಲ, ದಾರಿಯಲ್ಲಿ ಎಲ್ಲೋ ತಡೆ ಇದೆ. ಇದನ್ನು ನೋಡಲು ಯಾವ ಮೀಟರೂ ಬೇಡ. ಸಂಜೆ ಗೋಡೆ ಎದುರು ಗಾಡಿ ನಿಲ್ಲಿಸಿ, ಲೈಟ್ ಹಾಕಿ, ಕೀ ತಿರುಗಿಸಿ ನೋಡಿದರೆ ಸಾಕು. ಟಕಟಕಟಕ ಅಂತ ಬಿಡದೆ ಹೊಡೆದುಕೊಂಡು ಲೈಟ್ ಕುಣಿದರೆ ಬ್ಯಾಟರಿ ಅಥವಾ ಅದರ ಟರ್ಮಿನಲ್ ಕಡೆ ನೋಡಿ. ಒಂದೇ ಟಕ್, ಲೈಟ್ ಹಾಗೇ ಇದೆ ಅಂದರೆ ಬ್ಯಾಟರಿ ಅಂಗಡಿಗೆ ಹೋಗಬೇಡಿ.

ಹೊಸ ಬ್ಯಾಟರಿಗೆ 4,400 ತೆಗೆದುಕೊಂಡರು. ಹಳೇದನ್ನು ಅಲ್ಲೇ ಇಟ್ಟುಕೊಂಡರು, ಅದರ ಸೀಸದ ಬೆಲೆಯನ್ನು ಕಳೆಯಲೂ ಇಲ್ಲ. ಗಾಡಿ ಕೆಲವು ದಿನ ಚೆನ್ನಾಗಿ ಸ್ಟಾರ್ಟ್ ಆಯಿತು. ಮೋಸ ಆಗುವುದು ಇಲ್ಲೇ. ಹೊಸ ಬ್ಯಾಟರಿಯ ವೋಲ್ಟೇಜ್ ಸ್ವಲ್ಪ ಹೆಚ್ಚಿರುತ್ತದೆ, ಆ ಸ್ವಲ್ಪದಲ್ಲೇ ದೋಷ ಮುಚ್ಚಿಹೋಗುತ್ತದೆ. ಬಿಸಿಲು ಇನ್ನಷ್ಟು ಏರಿದ ಮೇಲೆ ಮತ್ತೆ ಅದೇ ಟಕ್.

ಎರಡನೇ ಸಲ ಹೋದಾಗ "ಸೆಲ್ಫ್ ಮೋಟರಲ್ಲಿ ಕಾರ್ಬನ್ ಸವೆದಿದೆ, ಆರ್ಮೇಚರೂ ಹೋಗಿದೆ" ಅಂದರು. ರಿಪೇರಿ ಮಾಡಿದ ಇನ್ನೊಂದು ಮೋಟರನ್ನು ಎಕ್ಸ್‌ಚೇಂಜಿನಲ್ಲಿ ಹಾಕಲು 4,800. ನಾನು ರಿಲೇ ನೋಡಿದ್ದೀರಾ ಅಂತ ಕೇಳಿದೆ. ಆ ಪ್ರಶ್ನೆಗೆ ಉತ್ತರ ಬಂದದ್ದು ಪಕ್ಕದಲ್ಲಿ ಸುಮ್ಮನೆ ನಿಂತಿದ್ದ ನನ್ನ ತಮ್ಮನಿಗೆ. (ಗಾಡಿ ನನ್ನದು, ದುಡ್ಡು ನನ್ನದು. ಹೋಗಲಿ ಬಿಡಿ.) "ರಿಲೇ ಟಕ್ ಅಂತಿದೆ ಅಲ್ವಾ ಸಾರ್, ಅದು ಚೆನ್ನಾಗೇ ಇದೆ."

ನಾನು ಇಷ್ಟೆಲ್ಲ ಬರೆಯುತ್ತಿರುವುದೇ ಈ ಒಂದು ಮಾತಿಗೆ. ಸುಮಾರು ಗ್ಯಾರೇಜುಗಳಲ್ಲಿ ಇದನ್ನೇ ಹೇಳುತ್ತಾರೆ, ಕೇಳಿದವರು ಒಪ್ಪಿಕೊಂಡು ಬರುತ್ತಾರೆ.

ನಮ್ಮ ಕಡೆ ಬೋರ್‌ವೆಲ್ ಇರುವವರಿಗೆ ಇದು ಬೇಗ ಅರ್ಥವಾಗುತ್ತದೆ. ಪಂಪ್‌ಸೆಟ್ಟಿನ ಸ್ಟಾರ್ಟರ್ ಪೆಟ್ಟಿಗೆಯಲ್ಲಿ ಹಸಿರು ಗುಂಡಿ ಒತ್ತಿದರೆ ಕಾಯಿಲ್ (ತಂತಿಯ ಸುತ್ತು) ಅಯಸ್ಕಾಂತದ ಹಾಗೆ ಎಳೆದುಕೊಂಡು, ಕರೆಂಟ್ ದಾಟಿಸುವ ಕಾಂಟ್ಯಾಕ್ಟುಗಳು ಕೂಡುತ್ತವೆ. ಕಾಂಟ್ಯಾಕ್ಟ್ ಸುಟ್ಟಿದ್ದರೆ ಪೆಟ್ಟಿಗೆ ಧಡ್ ಅನ್ನುತ್ತದೆ, ಮೋಟರ್ ಮಾತ್ರ ಏಳಲ್ಲ. ಕಾರಿನ ರಿಲೇಯೂ ಅದೇ. ಒಳಗೆ ಎರಡು ಭಾಗ ಇವೆ. 85 ಮತ್ತು 86 ಅಂತ ಬರೆದ ಕಾಲುಗಳು ಕಾಯಿಲಿನವು. ಕೀ ತಿರುಗಿಸಿದಾಗ ಅಲ್ಲಿ ಸಣ್ಣ ಕರೆಂಟ್ ಹರಿಯುತ್ತದೆ, ಒಂದು ಆಂಪಿಯರಿನ ಕಾಲು ಭಾಗವೂ ಇರಲ್ಲ. ಆಗ 30 ಮತ್ತು 87 ಅನ್ನುವ ಕಾಲುಗಳು ಒಳಗೆ ಕೂಡಿ, ಸೆಲ್ಫ್ ಮೋಟರಿನ ತಲೆಮೇಲಿರುವ ಸೊಲೆನಾಯ್ಡಿಗೆ (ಇದೂ ಕಾಯಿಲಿನಿಂದ ಎಳೆಯುವ ಸ್ವಿಚ್ಚೇ, ಮೋಟರಿಗೆ ಬ್ಯಾಟರಿಯ ಪೂರ್ತಿ ಕರೆಂಟ್ ಬಿಡುವುದು ಇದು) ಅದಕ್ಕಿಂತ ದೊಡ್ಡ ಕರೆಂಟ್ ಕಳಿಸುತ್ತವೆ. ಟಕ್ ಅನ್ನುವ ಶಬ್ದ ಕಾಯಿಲ್ ಎಳೆಯಿತು ಅಂತ ಹೇಳುತ್ತದೆ, ಅಷ್ಟೇ. 30ರಿಂದ 87ಕ್ಕೆ ಕರೆಂಟ್ ದಾಟಿತೋ ಇಲ್ಲವೋ ಅನ್ನುವುದನ್ನು ಅದು ಹೇಳಲ್ಲ.

ಮೋಟರ್ ಬದಲಾಯಿಸಿದ ಮೇಲೂ ಗಾಡಿ ಮಧ್ಯಾಹ್ನದ ಹೊತ್ತು ಕೈಕೊಡುತ್ತಲೇ ಇತ್ತು. ಕೊನೆಗೆ ಶಾಲೆಯ ಸಹೋದ್ಯೋಗಿಯೊಬ್ಬರು ಊರೊಳಗಿನ ಒಬ್ಬ ಹಿರಿಯ ಆಟೋ ಎಲೆಕ್ಟ್ರಿಷಿಯನ್ ಹತ್ತಿರ ಹೋಗಲು ಹೇಳಿದರು. ಅವರು ಮೊದಲು ಕೇಳಿದ್ದು ಗಾಡಿ ಬಗ್ಗೆ ಅಲ್ಲ. "ಹಳೇ ಮೋಟರ್ ಎಲ್ಲಮ್ಮಾ?" ಅಂದರು. ಎಕ್ಸ್‌ಚೇಂಜಿಗೆ ಹೋಯಿತು ಅಂದೆ. "ಅದರಲ್ಲಿ ತಾಮ್ರನೇ ಎಷ್ಟಿರುತ್ತೆ ಗೊತ್ತಾ" ಅಂತ ಗೊಣಗಿಕೊಂಡು ಮೀಟರ್ ತೆಗೆದರು.

ಗಾಡಿ ಬಿಸಿಯಾಗಿರುವಾಗಲೇ ನೋಡಿದರು. ತಣ್ಣಗಾದ ಮೇಲೆ ದೋಷ ಸಿಗಲ್ಲ ಅಂತ ಅವರಿಗೆ ಗೊತ್ತಿತ್ತು. ಬ್ಯಾಟರಿ ಮೇಲೆ 12.5 ವೋಲ್ಟ್. ಆಮೇಲೆ ಸೊಲೆನಾಯ್ಡಿಗೆ ಬರುವ ಸಣ್ಣ ವೈರಿಗೆ ಮೀಟರಿನ ಕಡ್ಡಿ ತಾಗಿಸಿ, ನನಗೆ ಕೀ ತಿರುಗಿಸಿ ಹಿಡಿಯಲು ಹೇಳಿದರು. ಅಲ್ಲಿ ಬರೀ 7 ವೋಲ್ಟ್. ಉಳಿದದ್ದು ಎಲ್ಲಿ ಹೋಯಿತು? ರಿಲೇಯ 30 ಮತ್ತು 87ರ ನಡುವೆ ಮೀಟರ್ ಇಟ್ಟರು, ಐದು ವೋಲ್ಟಿನಷ್ಟು ಅಲ್ಲೇ ಕಳೆದುಹೋಗುತ್ತಿತ್ತು. ಒಳ್ಳೇ ರಿಲೇಯಲ್ಲಿ ಅರ್ಧ ವೋಲ್ಟ್ ಕೂಡ ಕಳೆಯಬಾರದು.

ಬಿಸಿಲಿಗೂ ಇದಕ್ಕೂ ಏನು ಸಂಬಂಧ ಅಂತ ಕೇಳಿದೆ. ಸೊಲೆನಾಯ್ಡ್ ಒಳಗಿರುವುದೂ ತಾಮ್ರದ ಸುತ್ತು. ತಾಮ್ರ 10 ಡಿಗ್ರಿ ಬಿಸಿಯಾದರೆ ಅದರ ರೆಸಿಸ್ಟೆನ್ಸ್, ಅಂದರೆ ಕರೆಂಟಿಗೆ ಒಡ್ಡುವ ತಡೆ, ಶೇಕಡಾ 4ರಷ್ಟು ಏರುತ್ತದೆ. ಎಂಜಿನ್ ಪಕ್ಕ ಕಾದು ಕೂತ ಸೊಲೆನಾಯ್ಡ್ ಎಳೆಯಲು ಹೆಚ್ಚು ವೋಲ್ಟ್ ಬೇಕು. ಬೆಳಿಗ್ಗೆ ತಣ್ಣಗಿದ್ದಾಗ ಆ 7 ವೋಲ್ಟಿನಲ್ಲೇ ಹೇಗೋ ಎಳೆಯುತ್ತಿತ್ತು, ಮಧ್ಯಾಹ್ನ ಆಗುತ್ತಿರಲಿಲ್ಲ. ಮೋಟರಿನ ತಪ್ಪು ಏನೂ ಇರಲಿಲ್ಲ.

ಖಾತ್ರಿಗೆ ಅವರು ಮಾಡಿದ ಕೆಲಸ ನೀವು ಮನೆಯಲ್ಲೇ ಮಾಡಬಹುದು. ಫ್ಯೂಸ್ ಬಾಕ್ಸಿನಲ್ಲಿ ಹಾರ್ನ್ ರಿಲೇ ಅಥವಾ ಫ್ಯಾನ್ ರಿಲೇ ಸುಮಾರು ಗಾಡಿಗಳಲ್ಲಿ ಅದೇ ನಂಬರಿನದ್ದೇ ಇರುತ್ತದೆ. ಮೇಲೆ ಅಚ್ಚಾದ ಪಾರ್ಟ್ ನಂಬರ್ ಒಂದೇ ಆಗಿದ್ದರೆ ಮಾತ್ರ, ಕೀ ಆಫ್ ಮಾಡಿ, ಎರಡನ್ನೂ ಅದಲುಬದಲು ಮಾಡಿ. ನೋಡಲು ಒಂದೇ ತರಹ ಇದೆ ಅಂತ ಹಾಕಬೇಡಿ. ಕೆಲವು ರಿಲೇಗಳಲ್ಲಿ 30 ಮತ್ತು 86ರ ಜಾಗ ಅದಲುಬದಲಾಗಿರುತ್ತದೆ, ಸಾಕೆಟ್ಟಿಗೆ ಸರಿಯಾಗಿ ಕೂರುತ್ತದೆ, ಆದರೆ ಶಾರ್ಟ್ ಆಗಬಹುದು. ನಮ್ಮ ಗಾಡಿಗೆ ಹಾರ್ನ್ ರಿಲೇ ಹಾಕಿದ ತಕ್ಷಣ ಎಂಜಿನ್ ಎದ್ದಿತು. ಹಳೇ ರಿಲೇಯ ಮುಚ್ಚಳ ಬಿಡಿಸಿ ತೋರಿಸಿದರು. ಕಾಂಟ್ಯಾಕ್ಟ್ ಕಪ್ಪಾಗಿ, ಕುಳಿ ಬಿದ್ದಿತ್ತು.

ಎಲ್ಲ ಗಾಡಿಗೂ ಇದು ಹೊಂದಲ್ಲ ಅನ್ನುವುದನ್ನೂ ಹೇಳಬೇಕು. ತುಂಬಾ ಹಳೇ ಕೆಲವು ಗಾಡಿಗಳಲ್ಲಿ ಈ ರಿಲೇ ಇರುವುದೇ ಇಲ್ಲ, ಕೀ ಸ್ವಿಚ್ಚಿನಿಂದ ನೇರ ಸೊಲೆನಾಯ್ಡಿಗೆ ವೈರ್ ಹೋಗಿರುತ್ತದೆ. ಟಕ್ ಕೂಡ ಅನ್ನದೆ ಪೂರ್ತಿ ಮೌನವಾಗಿದ್ದರೆ ಫ್ಯೂಸ್, ಕೀ ಸ್ವಿಚ್, ಕ್ಲಚ್ ಸ್ವಿಚ್ ಇವನ್ನೂ ನೋಡಬೇಕು. ಆಟೋಮ್ಯಾಟಿಕ್ ಗಾಡಿಯಾದರೆ ಗೇರ್ ಸ್ವಿಚ್.

ಈಗ ಎರಡನೇ ಎಡವಟ್ಟು. ಆ ಎಲೆಕ್ಟ್ರಿಷಿಯನ್ ಹತ್ತಿರ ಆ ನಂಬರಿನ ಒರಿಜಿನಲ್ ಇರಲಿಲ್ಲ. ನಂಬರ್ ಬರೆದುಕೊಟ್ಟು ತರಲು ಹೇಳಿದರು. ಒಂದು ಸ್ಪೇರ್ ಪಾರ್ಟ್ಸ್ ಅಂಗಡಿಯಲ್ಲಿ "ಕಂಪನಿ ಮಾಲೇ ಮೇಡಂ" ಅಂತ ಡಬ್ಬಿ ಸಮೇತ ಕೊಟ್ಟರು. 280 ರೂಪಾಯಿ. ಡಬ್ಬಿ, ಸ್ಟಿಕರ್, ನಂಬರ್, ಎಲ್ಲ ಸರಿಯಾಗೇ ಇತ್ತು. ಅದನ್ನೇ ಹಾಕಿಸಿದೆವು. ಕೆಲವು ವಾರ ತೊಂದರೆ ಕೊಡಲಿಲ್ಲ.

ಒಂದು ಸಂಜೆ ಅಂತರಗಂಗೆ ಬೆಟ್ಟದ ಹತ್ತಿರ ಗಾಡಿ ಸ್ಟಾರ್ಟ್ ಮಾಡಿ ಕೀ ಬಿಟ್ಟೆ. ಎಂಜಿನ್ ಶುರುವಾಗಿದೆ, ಆದರೆ ಸೆಲ್ಫಿನ ಶಬ್ದ ನಿಲ್ಲುತ್ತಿಲ್ಲ. ಕರಕರ ಅಂತ ಕಿವಿಗೆ ಹೊಡೆಯುವ ಶಬ್ದ. ಕೀ ಆಫ್ ಮಾಡಿ ತೆಗೆದೇಬಿಟ್ಟೆ. ಎಂಜಿನ್ ನಿಂತಿತು, ಸೆಲ್ಫ್ ಮಾತ್ರ ಎಂಜಿನ್ನನ್ನು ತಿರುಗಿಸುತ್ತಲೇ ಇದೆ! ಕೀ ಕೈಯಲ್ಲಿದೆ, ಗಾಡಿ ತನ್ನಷ್ಟಕ್ಕೆ ಒದರುತ್ತಿದೆ. ಬಾನೆಟ್ ಸಂದಿಯಿಂದ ಸುಟ್ಟ ವಾಸನೆ, ಹಿಂದೆಯೇ ಹೊಗೆ. ತಮ್ಮ ಸ್ಪ್ಯಾನರ್ ತೆಗೆದು ಬ್ಯಾಟರಿಯ ನೆಗೆಟಿವ್ ಟರ್ಮಿನಲ್ ಕಿತ್ತ. ಆಗ ನಿಂತಿತು.

ಆ ಹೊಸ ರಿಲೇಯ ಒಳಗೆ ಕಾಂಟ್ಯಾಕ್ಟ್ ಎರಡೂ ವೆಲ್ಡ್ ಆದ ಹಾಗೆ ಅಂಟಿಕೊಂಡಿದ್ದವು. ಕೀ ಬಿಟ್ಟರೂ ಅವು ಬಿಡಲಿಲ್ಲ. ಸೆಲ್ಫ್ ಮೋಟರನ್ನು ಒಂದೇ ಸಮನೆ 10 ಸೆಕೆಂಡಿಗಿಂತ ಹೆಚ್ಚು ಹೊಡೆಯಬಾರದು ಅನ್ನುತ್ತಾರೆ, ಇದು ಎಷ್ಟೋ ಹೊತ್ತು ಓಡಿತ್ತು. ಎಲೆಕ್ಟ್ರಿಷಿಯನ್ ಹಳೇ ಒರಿಜಿನಲ್ಲನ್ನೂ ಇದನ್ನೂ ನನ್ನ ಎರಡು ಕೈಯಲ್ಲಿ ಇಟ್ಟರು. ಡೂಪ್ಲಿಕೇಟ್ ಹಗುರ. ಮೇಲೆ 30 ಆಂಪಿಯರ್ ಅಂತ ಅಚ್ಚು, ಒಳಗೆ ಸಾಸಿವೆಯಷ್ಟು ಕಾಂಟ್ಯಾಕ್ಟ್. ಅಂಗಡಿಯವರ ಹತ್ತಿರ ಹೋಗಿ ಕೇಳಿದರೆ "ಎಲೆಕ್ಟ್ರಿಕಲ್ ಐಟಂಗೆ ಗ್ಯಾರಂಟಿ ಇಲ್ಲ ಮೇಡಂ" ಅಂತ ಗೋಡೆಯ ಬೋರ್ಡ್ ತೋರಿಸಿದರು.

ಹಾಗಾಗಿ ರಿಲೇಯನ್ನು ಆ ಕಾರಿನ ಕಂಪನಿಯ ಅಧಿಕೃತ ಬಿಡಿಭಾಗದ ಕೌಂಟರಿನಲ್ಲೇ ತೆಗೆದುಕೊಳ್ಳಿ, ಎರಡು ದಿನ ತಡವಾದರೂ ಪರವಾಗಿಲ್ಲ. ಹಾಕಿಸುವಾಗ ಸಾಕೆಟ್ಟಿನ ಒಳಗೂ ಟಾರ್ಚ್ ಬಿಟ್ಟು ನೋಡಲು ಹೇಳಿ. ನಮ್ಮದರಲ್ಲಿ 30ರ ಜಾಗದ ಕ್ಲಿಪ್ ಸಡಿಲವಾಗಿ ಕಪ್ಪಾಗಿತ್ತು, ಸುತ್ತಲಿನ ಪ್ಲಾಸ್ಟಿಕ್ ಸ್ವಲ್ಪ ಕರಗಿತ್ತು. ಅದನ್ನು ಬಿಟ್ಟು ಹೊಸ ರಿಲೇ ಮಾತ್ರ ತುರುಕಿದರೆ ಅದೂ ಬೇಗ ಸುಡುತ್ತದೆ. ಅವರು ಕ್ಲಿಪ್ ಬದಲಾಯಿಸಿ, ವೈರನ್ನು ಹೊಸದಾಗಿ ಕ್ರಿಂಪ್ ಮಾಡಿ, ಅಂದರೆ ಒತ್ತಿ ಬಿಗಿದು, ಕೊಟ್ಟರು. ಈಗ ರಿಲೇ ಸರಿ ಇದೆ, ಎಕ್ಸ್‌ಚೇಂಜಿನಲ್ಲಿ ಬಂದ ಮೋಟರ್ ಮಾತ್ರ ಆ ಸಂಜೆಯಿಂದ ಒಂದು ತರಹ ಕೊರಗುವ ಶಬ್ದ ಮಾಡುತ್ತದೆ. ಇನ್ನೆಷ್ಟು ದಿನ ಬರುತ್ತದೋ.

ದಾರಿಯಲ್ಲಿ ಗಾಡಿ ನಿಂತಾಗ ಯಾರಾದರೂ ಬಂದು "ಸ್ಕ್ರೂಡ್ರೈವರ್ ಕೊಡಿ, ಸೆಲ್ಫಿಗೆ ಡೈರೆಕ್ಟ್ ಕೊಡ್ತೀನಿ" ಅಂದರೆ ಮೊದಲು ಗೇರ್ ನ್ಯೂಟ್ರಲ್ ಇದೆಯಾ, ಹ್ಯಾಂಡ್‌ಬ್ರೇಕ್ ಎಳೆದಿದೆಯಾ ನೋಡಿ. ಸೊಲೆನಾಯ್ಡಿಗೆ ನೇರ ಕರೆಂಟ್ ಕೊಟ್ಟರೆ ಕೀ ಆಫ್ ಇದ್ದರೂ ಮೋಟರ್ ತಿರುಗುತ್ತದೆ. ಗೇರಿನಲ್ಲಿದ್ದರೆ ಗಾಡಿ ಮುಂದಕ್ಕೆ ಜಿಗಿಯುತ್ತದೆ, ಬಾನೆಟ್ ಮುಂದೆ ನಿಂತವರ ಕಾಲು ಹೋಗುತ್ತದೆ. ಗೊತ್ತಿದ್ದವರು ಮಾಡಿದರೆ ಇದು ಒಳ್ಳೇ ಪರೀಕ್ಷೆಯೇ. ನೇರ ಕೊಟ್ಟಾಗ ಮೋಟರ್ ಜೋರಾಗಿ ತಿರುಗಿದರೆ ಬ್ಯಾಟರಿ, ದಪ್ಪ ಕೇಬಲ್, ಮೋಟರ್ ಮೂರೂ ಸರಿ ಇವೆ ಅಂತ ಅರ್ಥ. ಆಮೇಲೂ ಮೋಟರ್ ಬದಲಾಯಿಸಿ ಅನ್ನುವ ಗ್ಯಾರೇಜಿನಿಂದ ಗಾಡಿ ತಳ್ಳಿಕೊಂಡಾದರೂ ಹೊರಗೆ ಬನ್ನಿ.

ಬಿಲ್ ವಿಷಯ. ಆ ಗ್ಯಾರೇಜಿನವರು ಕೊಟ್ಟದ್ದು ಒಂದು ಚೀಟಿ. ಅದರಲ್ಲಿ ಹೆಸರಿಲ್ಲ, ತಾರೀಖಿಲ್ಲ, "ಸೆಲ್ಫ್ 4800" ಅಂತ ಮಾತ್ರ ಇದೆ. ಗ್ರಾಹಕರ ಸಹಾಯವಾಣಿ 1915ಕ್ಕೆ ಫೋನ್ ಮಾಡಬಹುದು, ಜಿಲ್ಲಾ ಗ್ರಾಹಕರ ಆಯೋಗಕ್ಕೂ ಹೋಗಬಹುದು, ಆದರೆ ಈ ಚೀಟಿ ಹಿಡಿದುಕೊಂಡು ಏನು ಸಾಬೀತು ಮಾಡುವುದು? ಕೆಲಸಕ್ಕೆ ಮುಂಚೆಯೇ ಬಿಲ್ ಬೇಕು ಅಂತ ಹೇಳಿಬಿಡಿ. ಬಿಚ್ಚಿದ ಹಳೇ ಪಾರ್ಟನ್ನು ಡಿಕ್ಕಿಯಲ್ಲಿ ಹಾಕಿ ಅಂತಲೂ ಹೇಳಿ. ಎಕ್ಸ್‌ಚೇಂಜ್ ಅಂದರೆ ಎಷ್ಟು ಕಳೆಯುತ್ತೀರಿ ಅಂತ ಕೇಳಿ. ಕ್ಯಾಂಡಲ್ ತರಹ ಉರಿಯುವ ಟೆಸ್ಟ್ ಲ್ಯಾಂಪ್ ಹಿಡಿದು "ಕರೆಂಟ್ ಬರ್ತಿದೆ" ಅಂದರೆ ಒಪ್ಪಬೇಡಿ, 7 ವೋಲ್ಟಿಗೂ ಅದು ಉರಿಯುತ್ತದೆ. ಮೀಟರಿನ ಅಂಕಿ ನೋಡಬೇಕು.

ಇನ್ನೊಂದು ಸಣ್ಣ ವಿಷಯ. ದಾರಿ ಮಧ್ಯೆ ಹಾರ್ನ್ ರಿಲೇ ಕಿತ್ತು ಸೆಲ್ಫಿಗೆ ಹಾಕಿಕೊಂಡರೆ, ಖಾಲಿ ಬಿಟ್ಟ ಹಾರ್ನ್ ಜಾಗದಲ್ಲಿ ಆ ಸುಟ್ಟ ರಿಲೇಯನ್ನೇ ಕೂರಿಸಿ ನೋಡಿ. ಹಾರ್ನಿಗೆ ಕರೆಂಟ್ ಕಮ್ಮಿ ಸಾಕು, ಸಣ್ಣ ದನಿಯಲ್ಲಾದರೂ ಕೂಗಬಹುದು. ಮಾವಿನ ಸೀಸನ್ನಿನಲ್ಲಿ ಲಾರಿಗಳು ತುಂಬಿದ ಶ್ರೀನಿವಾಸಪುರ ರಸ್ತೆಯಲ್ಲಿ ಹಾರ್ನೇ ಇಲ್ಲದೆ ಓಡಿಸುವುದು ಬೇಡ.