ಸಂಸೆ ಹತ್ತಿರದ ಹೋಂಸ್ಟೇ: ಊಟ ಸೂಪರ್, ಜೀಪಿನ ಬಾಡಿಗೆ ಮೊದಲೇ ಮಾತಾಡಿ

ಎರಡು ರಾತ್ರಿ ಉಳಿದಿದ್ದೆವು. ಊಟಕ್ಕೆ ಪೂರ್ತಿ ಅಂಕ. ಬೆಳಿಗ್ಗೆ ಬಿಸಿ ಕಡುಬು, ಕಾಯಿ ಚಟ್ನಿ, ರಾತ್ರಿ ಅಕ್ಕಿ ರೊಟ್ಟಿ ಜೊತೆ ಕಳಲೆ ಪಲ್ಯ. ಮನೆಯ ಅಮ್ಮ ಕೇಳಿ ಕೇಳಿ ಬಡಿಸಿದರು. ರೂಮು ಸಾಧಾರಣ. ಕುದುರೆಮುಖ ಚಾರಣ ಶುರುವಾಗುವ ಮುಳ್ಳೋಡಿಗೆ ಹೋಗುವ ಜೀಪಿಗೆ ಮಾತ್ರ ಮೊದಲು ಹೇಳಿದ್ದಕ್ಕಿಂತ ಜಾಸ್ತಿ ಕೇಳಿದರು, ಬೇಜಾರಾಯಿತು.

ನನಗೆ ತುಂಬಾ ಹಿಡಿಸಿದ್ದು ರಾತ್ರಿ ಜಗಲಿಯಲ್ಲಿ ಕೂತು ಯಜಮಾನರು ಹೇಳಿದ ಕುದುರೆಮುಖ ಕಬ್ಬಿಣದ ಅದಿರಿನ ಗಣಿಯ ಕತೆ, ಅವರು ಅಲ್ಲೇ ಕೆಲಸ ಮಾಡಿದವರು. ಅದಿರನ್ನು ಪುಡಿ ಮಾಡಿ, ನೀರಲ್ಲಿ ಕಲಸಿ, 67 ಕಿ.ಮೀ. ಪೈಪಿನಲ್ಲಿ ಘಟ್ಟ ಇಳಿಸಿ ಮಂಗಳೂರಿಗೆ ಹರಿಸುತ್ತಿದ್ದರಂತೆ! ಸುಪ್ರೀಂ ಕೋರ್ಟ್ ಆದೇಶದಂತೆ 2005ರ ಕೊನೆಗೆ ಗಣಿ ನಿಂತಿತು, ಊರು ಖಾಲಿಯಾಯಿತು. ಪಾಳುಬಿದ್ದ ಕ್ವಾರ್ಟರ್ಸ್ ಈಗಲೂ ಇವೆ, ಗಣಿಯ ಹೂಳು ಲಕ್ಯಾ ಅಣೆಕಟ್ಟಿನ ಹಿಂದೆ ಹಾಗೇ ಇದೆ. ಗಣಿ ನಿಂತು ಭದ್ರಾ ನದಿ ಉಳಿಯಿತಲ್ಲ ಅಂತ ನನಗೆ ನಿಜವಾಗಿಯೂ ಖುಷಿ, ಆದರೆ ಕೆಲಸ ಕಳೆದುಕೊಂಡವರ ಎದುರು ಹಾಗೆ ಹೇಳೋಕೆ ಬಾಯಿ ಬರಲಿಲ್ಲ.

ಮಳೆಗಾಲದಲ್ಲಿ ಇಂಬಳ (ಜಿಗಣೆ) ಜಾಸ್ತಿ, ಉಪ್ಪು ಇಟ್ಟುಕೊಳ್ಳಿ. ಚಾರಣಕ್ಕೆ ಅರಣ್ಯ ಇಲಾಖೆಯ ಅನುಮತಿ ಆನ್‌ಲೈನ್‌ನಲ್ಲಿ ಮೊದಲೇ ಮಾಡಿಸಿಕೊಂಡೇ ಹೊರಡಿ.